ಎಣಿಕೆಗೆ ಸಿಗದವರು

1840ರ ಜನಗಣತಿಗೆ ಅಮೆರಿಕ ಸರ್ಕಾರ ಹೊಸದೊಂದು ಕಾಲಂ ಸೇರಿಸಿತು. ಬುದ್ಧಿ ಸ್ತಿಮಿತದಲ್ಲಿಲ್ಲದವರು ಮನೆಯಲ್ಲಿ ಎಷ್ಟು ಮಂದಿ ಇದ್ದಾರೆ ಎಂದು ಗಣತಿದಾರ ಕೇಳಬೇಕು, ಬಿಳಿಯರ ಲೆಕ್ಕ ಒಂದು ಕಡೆ, ಕಪ್ಪು ಜನರ ಲೆಕ್ಕ ಇನ್ನೊಂದು ಕಡೆ ಬರೆದುಕೊಳ್ಳಬೇಕು. ಅಂಕಿಗಳು ಅಚ್ಚಾಗಿ ಬಂದಾಗ ಓದಿದವರು ಹೌಹಾರಿದರು. ಗುಲಾಮಗಿರಿ ಇದ್ದ ದಕ್ಷಿಣದಲ್ಲಿ 1,558 ಕಪ್ಪು ಜನರಿಗೆ ಒಬ್ಬರಂತೆ ಮತಿಭ್ರಮಣೆ ಇದ್ದರೆ, ಅವರು ಸ್ವತಂತ್ರರಾಗಿದ್ದ ಉತ್ತರದಲ್ಲಿ 162ಕ್ಕೆ ಒಬ್ಬರು. ತುತ್ತತುದಿಯ ಮೇಯ್ನ್ ರಾಜ್ಯದಲ್ಲಂತೂ 14ಕ್ಕೆ ಒಬ್ಬರು! ಗುಲಾಮಗಿರಿಯ ವಕೀಲರಿಗೆ ಇದಕ್ಕಿಂತ ಇನ್ನೇನು ಬೇಕು? ವಿದೇಶಾಂಗ ಸಚಿವರಾಗಿದ್ದ ಜಾನ್ ಕ್ಯಾಲ್ಹೂನ್ 1844ರಲ್ಲಿ ಬ್ರಿಟನ್ನಿನ ರಾಯಭಾರಿಗೆ ಪತ್ರ ಬರೆದು, ಇದೇ ಅಂಕಿಗಳನ್ನು ಮುಂದಿಟ್ಟು, ಬಿಡುಗಡೆಯಿಂದ ಆ ಜನರಿಗೆ ಕೇಡೇ ಹೊರತು ಒಳಿತಿಲ್ಲ ಎಂದು ವಾದ ಹೂಡಿದರು.

ಮ್ಯಾಸಚೂಸೆಟ್ಸ್‌ನ ವೈದ್ಯ ಎಡ್ವರ್ಡ್ ಜಾರ್ವಿಸ್ ಮೊದಲು ತಾವೂ ಈ ಅಂಕಿಗಳನ್ನು ನಂಬಿದ್ದರು. ಆಮೇಲೆ ಅನುಮಾನ ಬಂದು ಊರೂರಿನ ಪಟ್ಟಿ ಬಿಡಿಸಿಕೊಂಡು ಕೂತರು. ಕಪ್ಪು ಜನ ಒಬ್ಬರೂ ವಾಸವಿಲ್ಲದ ಊರುಗಳಲ್ಲಿ ಕಪ್ಪು ಹುಚ್ಚರು ದಾಖಲಾಗಿದ್ದರು. ವೂಸ್ಟರ್ ಪಟ್ಟಣದಲ್ಲಿ 151 ಕಪ್ಪು ಜನ, ಅವರಲ್ಲಿ 133 ಮಂದಿಗೆ ಮತಿಭ್ರಮಣೆ ಎಂದಿತ್ತು. ವಿಚಾರಿಸಿದರೆ ಆ 133 ಮಂದಿ ಅಲ್ಲಿನ ಸರ್ಕಾರಿ ಮಾನಸಿಕ ಆಸ್ಪತ್ರೆಯಲ್ಲಿದ್ದ ಬಿಳಿಯ ರೋಗಿಗಳು. ಒತ್ತೊತ್ತಾಗಿ ಗೆರೆ ಎಳೆದಿದ್ದ ಹಾಳೆಯಲ್ಲಿ ಒಂದು ಕಾಲಮ್ಮಿನ ಅಂಕಿ ಪಕ್ಕದ ಕಾಲಮ್ಮಿಗೆ ಜಾರಿತ್ತು. ಅಮೆರಿಕನ್ ಸ್ಟ್ಯಾಟಿಸ್ಟಿಕಲ್ ಅಸೋಸಿಯೇಷನ್ ಇದನ್ನೆಲ್ಲ ಬರೆದು ಸಂಸತ್ತಿಗೆ ಮನವಿ ಕೊಟ್ಟಿತು. ಸರ್ಕಾರ ಅಂಕಿ ತಿದ್ದಲಿಲ್ಲ.

ಈ ಕಾಲದ ಕಥೆ ಹೇಳುವವರು ಸಾಮಾನ್ಯವಾಗಿ ಹೆಸರೆತ್ತುವುದು ಇನ್ನೊಬ್ಬ ವೈದ್ಯನದು: ಸ್ಯಾಮ್ಯುಯೆಲ್ ಕಾರ್ಟ್‌ರೈಟ್. 1851ರಲ್ಲಿ ಈತ ಗುಲಾಮರಲ್ಲಿ ಒಂದು ಹೊಸ ಕಾಯಿಲೆ ಪತ್ತೆ ಮಾಡಿ ಅದಕ್ಕೆ 'ಡ್ರೇಪೆಟೋಮೇನಿಯಾ' ಎಂದು ಹೆಸರಿಟ್ಟ. ಕಾಯಿಲೆಯ ಲಕ್ಷಣ ಒಂದೇ, ಗುಲಾಮ ಓಡಿಹೋಗುವುದು. ದಣಿ ಅತಿ ಸಲಿಗೆ ಕೊಟ್ಟರೆ ಅಥವಾ ಅತಿ ಕ್ರೂರಿಯಾದರೆ ಬರುತ್ತದಂತೆ. ಹೊಟ್ಟೆಗೆ ಬಟ್ಟೆಗೆ ನೋಡಿಕೊಂಡು ಅವರ ಜಾಗದಲ್ಲಿ ಅವರನ್ನಿಟ್ಟರೆ ಬರುವುದಿಲ್ಲ, ಮೀರಿ ಬಂದರೆ ಚಾಟಿ. ಕೆಲಸದಲ್ಲಿ ಮೈಗಳ್ಳತನ ಮಾಡುವುದಕ್ಕೂ ಆತನ ಬಳಿ ಒಂದು ಲ್ಯಾಟಿನ್ ಹೆಸರಿತ್ತು.

ಕಾರ್ಟ್‌ರೈಟ್‌ನ ಕೆಡುಕು ಇಂದಿನವರ ಕಣ್ಣಿಗೆ ಒಂದೇ ನೋಟಕ್ಕೆ ಬೀಳುತ್ತದೆ. ನನ್ನನ್ನು ಹೆಚ್ಚು ಕಾಡುವುದು ವೂಸ್ಟರಿನ ಆ ಕಾಲಂ. ಅಲ್ಲಿ ದುರುದ್ದೇಶ ಇರಲೇಬೇಕೆಂದಿಲ್ಲ. ಎಣಿಸುವವರು ಎಲ್ಲಿ ನಿಂತು ಎಣಿಸಿದರು, ಯಾರನ್ನು ಎಣಿಸಿದರು ಎಂಬ ಪ್ರಶ್ನೆಯನ್ನು ಯಾರೂ ಕೇಳದಿದ್ದರೆ ಸಾಕು, ಒಂದಿಡೀ ಜನವರ್ಗ ರೋಗಿಷ್ಟವಾಗಿ ಕಾಣುತ್ತದೆ. ನೂರು ವರ್ಷದ ನಂತರ, ಕಾರ್ಟ್‌ರೈಟ್‌ಗಿಂತ ಎಷ್ಟೋ ಒಳ್ಳೆಯ, ಓದಿಕೊಂಡ, ರೋಗಿಯ ಮೇಲೆ ನಿಜವಾದ ಕರುಣೆ ಇದ್ದ ವೈದ್ಯರು ಇದೇ ಕುಣಿಕೆಗೆ ಸಿಕ್ಕಿಕೊಂಡರು. ಅವರು ಎಣಿಸಿದ್ದು ಸಲಿಂಗಿಗಳನ್ನು.

ಗಂಡು ಗಂಡನ್ನು, ಹೆಣ್ಣು ಹೆಣ್ಣನ್ನು ಬಯಸುವುದು ಯುರೋಪಿನಲ್ಲಿ ಮೊದಲು ಪಾಪವಾಗಿತ್ತು, ಆಮೇಲೆ ಅಪರಾಧವಾಯಿತು, ಹತ್ತೊಂಬತ್ತನೇ ಶತಮಾನದ ಕೊನೆಗೆ ಕಾಯಿಲೆಯಾಯಿತು. ಆ ಕಾಲಕ್ಕೆ ಕಾಯಿಲೆ ಎನ್ನುವುದೇ ಒಂದು ಉಪಕಾರವಾಗಿತ್ತು ಎಂಬುದನ್ನು ಮರೆಯಬಾರದು. ಆಸ್ಟ್ರಿಯಾದ ಮನೋವೈದ್ಯ ಕ್ರಾಫ್ಟ್-ಎಬಿಂಗ್ 1886ರಲ್ಲಿ ಪ್ರಕಟಿಸಿದ ದೊಡ್ಡ ಗ್ರಂಥದಲ್ಲಿ ಇದನ್ನು ನರಮಂಡಲದ ಹುಟ್ಟುದೋಷ ಎಂದು ವರ್ಣಿಸಿದರು. ಅದೇ ಕ್ರಾಫ್ಟ್-ಎಬಿಂಗ್, ಸಲಿಂಗಿಗಳನ್ನು ಜೈಲಿಗೆ ಹಾಕುವ ಜರ್ಮನ್ ಕಾನೂನು ರದ್ದಾಗಲಿ ಎಂಬ ಮನವಿಗೆ ಸಹಿಯನ್ನೂ ಹಾಕಿದರು. ರೋಗಿಯನ್ನು ಜೈಲಿಗೆ ಹಾಕುತ್ತೀರಾ ಎಂದು ಕೇಳಬಹುದಲ್ಲ! ಆದರೆ ಅವರ ಗ್ರಂಥದೊಳಗಿನ ವ್ಯಕ್ತಿಚಿತ್ರಗಳು ಬಂದದ್ದೆಲ್ಲಿಂದ? ಹೆಚ್ಚಿನವು ಹುಚ್ಚಾಸ್ಪತ್ರೆಯಿಂದ, ನ್ಯಾಯಾಲಯದಿಂದ, ಬೇಗುದಿ ತಾಳಲಾರದೆ ಅವರಿಗೆ ಕಾಗದ ಬರೆದವರಿಂದ. ಫ್ರಾಯ್ಡ್ 1935ರಲ್ಲಿ ಅಮೆರಿಕದ ಒಬ್ಬ ತಾಯಿಗೆ ಉತ್ತರ ಬರೆದು, ನಿಮ್ಮ ಮಗನದು ಕಾಯಿಲೆಯಲ್ಲ ಎಂದು ಸಮಾಧಾನ ಹೇಳಿದ್ದರು. ಅಮೆರಿಕದಲ್ಲಿದ್ದ ಅವರ ಶಿಷ್ಯಪರಂಪರೆ ಗುರುವಿನ ಮಾತನ್ನು ಪಕ್ಕಕ್ಕಿಟ್ಟಿತು. ಅಮೆರಿಕನ್ ಸೈಕಿಯಾಟ್ರಿಕ್ ಅಸೋಸಿಯೇಷನ್ 1952ರಲ್ಲಿ ಮಾನಸಿಕ ಕಾಯಿಲೆಗಳ ಮೊದಲ ಕೈಪಿಡಿ ತಂದಾಗ ಸಲಿಂಗಕಾಮ ಸಮಾಜಘಾತಕ ವ್ಯಕ್ತಿತ್ವದೋಷಗಳ ಸಾಲಿನಲ್ಲಿತ್ತು. ಡಿಎಸ್‌ಎಂ ಎಂದು ಕರೆಯುವ ಕೈಪಿಡಿ ಅದೇ.

ಕಾಯಿಲೆ ಎಂದ ಮೇಲೆ ಚಿಕಿತ್ಸೆಯೂ ಬೇಕು. ಅದೇ 1952ರಲ್ಲಿ ಇಂಗ್ಲೆಂಡಿನಲ್ಲಿ ಗಣಿತಜ್ಞ ಅಲನ್ ಟ್ಯೂರಿಂಗ್ ಮೇಲೆ ಮೊಕದ್ದಮೆ ನಡೆಯಿತು. ಜರ್ಮನರ ಗುಪ್ತಲಿಪಿ ಒಡೆದ ತಂಡದ ಪ್ರಮುಖ, ಕಂಪ್ಯೂಟರ್ ವಿಜ್ಞಾನದ ಆದ್ಯರಲ್ಲೊಬ್ಬ. ಜೈಲು, ಇಲ್ಲವೇ ಹಾರ್ಮೋನ್ ಎಂದಿತು ನ್ಯಾಯಾಲಯ. ಟ್ಯೂರಿಂಗ್ ಹಾರ್ಮೋನ್ ಒಪ್ಪಿಕೊಂಡರು. ಕಾಮವನ್ನು ಕುಗ್ಗಿಸಲು ಒಂದು ವರ್ಷ ಹೆಣ್ಣುಹಾರ್ಮೋನ್ ಕೊಟ್ಟರು, ಎದೆ ಊದಿಕೊಂಡಿತು. 1954ರ ಜೂನ್‌ನಲ್ಲಿ ತೀರಿಕೊಂಡರು, ಆಗ ವಯಸ್ಸು 41. ಬೇರೆ ಕಡೆ ಬೇರೆ ಬೇರೆ ಉಪಾಯಗಳಿದ್ದವು. ಗಂಡಸರ ಚಿತ್ರ ತೋರಿಸುತ್ತ ಕೈಗೆ ಕರೆಂಟ್ ಹೊಡೆಸುವುದು, ವಾಂತಿ ಬರಿಸುವ ಚುಚ್ಚುಮದ್ದು ಕೊಟ್ಟು ಅದೇ ಚಿತ್ರಗಳನ್ನು ತೋರಿಸುವುದು, ಕೆಲವರಿಗೆ ಮಿದುಳಿನ ಮುಂಭಾಗದ ನರಗಳನ್ನು ಕತ್ತರಿಸುವ ಲೊಬಾಟಮಿ. ಈ ಕೊನೆಯದನ್ನು ಆರಂಭಿಸಿದ ಪೋರ್ಚುಗಲ್‌ನ ಎಗಾಸ್ ಮೋನಿಜ್‌ಗೆ 1949ರಲ್ಲಿ ನೊಬೆಲ್ ಬಂದಿತ್ತು. ಆಗಿನ ವೈದ್ಯಕೀಯದ ಮಟ್ಟಿಗೆ ಇವು ಹಿಂಸೆಯ ಸಾಲಿನಲ್ಲಿ ಇರಲಿಲ್ಲ, ಆಧುನಿಕತೆಯ ಸಾಲಿನಲ್ಲಿದ್ದವು.

ಇದು ಕಾಯಿಲೆಯೇ ಎಂಬುದನ್ನೇ ಪರೀಕ್ಷೆಗೆ ಒಡ್ಡಿದವರು ಈವ್ಲಿನ್ ಹೂಕರ್. ಅವರು ಲಾಸ್ ಏಂಜಲೀಸ್‌ನ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದಲ್ಲಿ ಮನಶ್ಶಾಸ್ತ್ರ ಕಲಿಸುತ್ತಿದ್ದರು. ಅವರ ತರಗತಿಯಲ್ಲಿ ಸ್ಯಾಮ್ ಫ್ರಮ್ ಎಂಬ ಚುರುಕಾದ ವಿದ್ಯಾರ್ಥಿಯಿದ್ದ. ಪಾಠ ಮುಗಿದ ಮೇಲೆ ಮಾತು, ಮಾತಿನಿಂದ ಸ್ನೇಹ, ಹೂಕರ್‌ಗೂ ಅವರ ಪತಿಗೂ ಅವನ ಗೆಳೆಯರ ಬಳಗದ ಪರಿಚಯ. ಎಲ್ಲರೂ ಸಲಿಂಗಿಗಳು, ಎಲ್ಲರೂ ಕೆಲಸ ಮಾಡಿಕೊಂಡು, ನಗುನಗುತ್ತ ಬದುಕಿಕೊಂಡಿದ್ದವರು. ಒಂದು ದಿನ ಸ್ಯಾಮ್ ಪಟ್ಟು ಹಿಡಿದ: ನಮ್ಮಂಥವರ ಬಗ್ಗೆ ಅಧ್ಯಯನ ಮಾಡುವುದು ನಿಮ್ಮ ವೈಜ್ಞಾನಿಕ ಕರ್ತವ್ಯ. ಸ್ನೇಹಿತರನ್ನು ಅಧ್ಯಯನ ಮಾಡುವುದುಂಟೇ ಎಂದು ಹೂಕರ್ ಹಿಂಜರಿದರು. ವಿಶ್ವವಿದ್ಯಾಲಯದಲ್ಲಿ ಅವರೊಂದಿಗೆ ಕೋಣೆ ಹಂಚಿಕೊಂಡಿದ್ದ ಬ್ರೂನೊ ಕ್ಲಾಪ್‌ಫರ್ ಮಾತ್ರ ಇದನ್ನು ಕೇಳಿ ಕುರ್ಚಿಯಿಂದೆದ್ದು, ಮಾಡಲೇಬೇಕು ಎಂದರು. ಆಸ್ಪತ್ರೆಯ ರೋಗಿಗಳನ್ನು, ಜೈಲಿನ ಕೈದಿಗಳನ್ನು ಬಿಟ್ಟರೆ ಬೇರೆ ಸಲಿಂಗಿಗಳನ್ನು ಮನಶ್ಶಾಸ್ತ್ರ ನೋಡಿಯೇ ಇರಲಿಲ್ಲ.

1953ರಲ್ಲಿ ಸರ್ಕಾರದ ಮಾನಸಿಕ ಆರೋಗ್ಯ ಸಂಸ್ಥೆಯಿಂದ ಅನುದಾನ ಬಂತು. ಹೂಕರ್ 30 ಸಲಿಂಗಿ ಗಂಡಸರನ್ನು, 30 ಮಂದಿ ಬೇರೆ ಗಂಡಸರನ್ನು ಹುಡುಕಿದರು. ವಯಸ್ಸು, ಬುದ್ಧಿಸೂಚ್ಯಂಕ, ಓದು, ಮೂರನ್ನೂ ಸರಿಗಟ್ಟಿ ಜೋಡಿ ಮಾಡಿದರು. ಮನೋವೈದ್ಯರ ಬಳಿ ಚಿಕಿತ್ಸೆಗೆ ಹೋಗುತ್ತಿರುವವರು ಎರಡೂ ಗುಂಪಿನಲ್ಲಿ ಬೇಡ ಎಂದರು. ಕೇಳಿದರೆ ಸಣ್ಣ ಷರತ್ತು, ಇಡೀ ಸಂಶೋಧನೆ ನಿಂತಿದ್ದು ಅದರ ಮೇಲೆ. ಸಲಿಂಗಿಗಳು ಅವರದೇ ಒಂದು ಸಂಘಟನೆಯ ಮೂಲಕ ಸಿಕ್ಕಿದರು. ಕಷ್ಟವಾದದ್ದು ಇನ್ನೊಂದು ಗುಂಪು. ಇಂಥ ಅಧ್ಯಯನಕ್ಕೆ ಬಂದ ಎಂದು ಗೊತ್ತಾದರೆ ಯಾವ ಗಂಡಸಿನ ಮೇಲಾದರೂ ಅನುಮಾನ ಬರುವ ಕಾಲ ಅದು. ಕ್ಯಾಲಿಫೋರ್ನಿಯಾದಲ್ಲಿ ಸಲಿಂಗಕಾಮ ಅಪರಾಧ, ಪೊಲೀಸರಿಗೆ ಹೆಸರು ಸಿಕ್ಕರೆ ಕೆಲಸ ಹೋಯಿತು ಎಂದೇ ಲೆಕ್ಕ. ಹಾಗಾಗಿ ಹೂಕರ್ ವಿಶ್ವವಿದ್ಯಾಲಯದ ಕೋಣೆ ಬಿಟ್ಟು, ತಮ್ಮ ಮನೆಯ ತೋಟದಲ್ಲಿದ್ದ ಓದುಕೋಣೆಯಲ್ಲಿ ಪರೀಕ್ಷೆಗಳನ್ನು ನಡೆಸಿದರು.

ಪರೀಕ್ಷೆಗಳು ಮೂರು. ಶಾಯಿ ಚೆಲ್ಲಿ ಮಡಿಸಿದಂಥ ಹತ್ತು ಮಚ್ಚೆಚಿತ್ರಗಳನ್ನು ತೋರಿಸಿ ಏನು ಕಾಣುತ್ತದೆ ಎಂದು ಕೇಳುವ ರೋರ್‌ಶಾಕ್. ಒಂದು ಚಿತ್ರ ಕೊಟ್ಟು ಕಥೆ ಕಟ್ಟಿಸುವುದು. ರಟ್ಟಿನ ಬೊಂಬೆಗಳನ್ನು ಹಿನ್ನೆಲೆಯ ಚಿತ್ರದ ಮೇಲೆ ಜೋಡಿಸಿ ಕಥೆ ಹೇಳಿಸುವುದು. ಉತ್ತರಗಳನ್ನು ಓದಿ ಮನಸ್ಸಿನ ಆಳ ಅಳೆಯುವುದರಲ್ಲಿ ದೇಶದಲ್ಲೇ ಹೆಸರಾದ ಮೂವರು ಪರಿಣತರಿಗೆ ಹೂಕರ್ ಅರವತ್ತು ಕಡತಗಳನ್ನು ಕೊಟ್ಟರು. ಆ ಮೂವರು ಕ್ಲಾಪ್‌ಫರ್, ಮಾರ್ಟಿಮರ್ ಮೇಯರ್ ಮತ್ತು ಎಡ್ವಿನ್ ಶ್ನೈಡ್‌ಮನ್. ಹೆಸರು ಅಳಿಸಿತ್ತು, ಯಾರು ಯಾವ ಗುಂಪು ಎಂಬ ಸುಳಿವು ಇರಲಿಲ್ಲ. ಕೆಲಸ ಎರಡು: ಪ್ರತಿಯೊಬ್ಬರ ಮಾನಸಿಕ ಹೊಂದಾಣಿಕೆಗೆ ಅಂಕ ಕೊಡಬೇಕು, ಆಮೇಲೆ ಜೋಡಿ ಜೋಡಿ ಕಡತ ಮುಂದಿಟ್ಟಾಗ ಯಾರು ಸಲಿಂಗಿ ಎಂದು ಹೇಳಬೇಕು.

ಈ ಮೂವರಲ್ಲಿ ಯಾರಿಗೂ ಇದು ಕಷ್ಟದ ಕೆಲಸ ಎನಿಸಿರಲಾರದು. ಪಠ್ಯಪುಸ್ತಕಗಳಲ್ಲೇ ಸಲಿಂಗಿಯ ರೋರ್‌ಶಾಕ್ ಹೀಗಿರುತ್ತದೆ ಎಂಬ ಪಟ್ಟಿಯಿತ್ತು. ಆದರೂ ಹೇಳಲಾಗಲಿಲ್ಲ. ನಾಣ್ಯ ಚಿಮ್ಮಿದ್ದರೂ ಅಷ್ಟೇ ಸರಿಯುತ್ತರ ಬರುತ್ತಿತ್ತು. ಒಬ್ಬರಂತೂ ತಮ್ಮ ಕಣ್ಣನ್ನೇ ನಂಬದೆ ಎಲ್ಲ ಕಡತಗಳನ್ನೂ ಎರಡನೇ ಸಲ ತಿರುವಿದರು, ಎರಡನೇ ಸಲವೂ ಅದೇ ಪಾಡು. ಹೊಂದಾಣಿಕೆಯ ಅಂಕಗಳಲ್ಲಿ ಎರಡೂ ಗುಂಪಿನ ಸುಮಾರು ಮೂರರಲ್ಲಿ ಎರಡು ಭಾಗ ಜನ ಸಾಧಾರಣ ಅಥವಾ ಅದಕ್ಕಿಂತ ಮೇಲಿನ ದರ್ಜೆಗೆ ಬಂದರು. ಹೂಕರ್ ಇದನ್ನು 1956ರಲ್ಲಿ ಶಿಕಾಗೋದ ಸಮ್ಮೇಳನದಲ್ಲಿ ಓದಿ, ಮರುವರ್ಷ ಪ್ರಕಟಿಸಿದರು. 30 ಜನರ ಗುಂಪು ಚಿಕ್ಕದು, ಹೆಂಗಸರು ಇರಲಿಲ್ಲ, ರೋರ್‌ಶಾಕ್ ಪರೀಕ್ಷೆಯ ಮೇಲೇ ಇಂದು ನಂಬಿಕೆ ಕಡಿಮೆಯಾಗಿದೆ. ಅದೆಲ್ಲ ನಿಜ. ಆದರೆ ಆಗಿನ ಮನೋವೈದ್ಯರು ನಂಬಿದ್ದು ಅದೇ ಪರೀಕ್ಷೆಯನ್ನು, ಅವರದೇ ಅಳತೆಗೋಲಿನಿಂದ ಅಳೆದಾಗ ಕಾಯಿಲೆ ಸಿಗಲಿಲ್ಲ. ವಿಜ್ಞಾನದಲ್ಲಿ ಇದಕ್ಕಿಂತ ಚೊಕ್ಕವಾದ ವಾದ ಅಪರೂಪ.

ಇದಾದ ಐದು ವರ್ಷಕ್ಕೆ, 1962ರಲ್ಲಿ, ಇರ್ವಿಂಗ್ ಬೀಬರ್ ಎಂಬ ಹೆಸರಾಂತ ಮನೋವಿಶ್ಲೇಷಕರ ಪುಸ್ತಕ ಬಂತು. 106 ಸಲಿಂಗಿ ಗಂಡಸರು, ಹೋಲಿಕೆಗೆ 100 ಮಂದಿ ಇತರರು. ಸಂಖ್ಯೆಯಲ್ಲಿ ಹೂಕರ್‌ಗಿಂತ ಎಷ್ಟೋ ದೊಡ್ಡದು. ತೀರ್ಮಾನ: ಅತಿಯಾಗಿ ಅಂಟಿಕೊಂಡ ತಾಯಿ, ದೂರ ನಿಂತ ಅಥವಾ ದ್ವೇಷದ ತಂದೆ, ಇದರಿಂದ ಹುಟ್ಟುವ ಕಾಯಿಲೆ ಇದು. ಆದರೆ ಆ 206 ಮಂದಿಯೂ ಮನೋವಿಶ್ಲೇಷಕರ ಮುಂದೆ ಮಲಗಿದ ರೋಗಿಗಳು. ಗ್ಯಾರೇಜಿಗೆ ಬಂದ ಸ್ಕೂಟರುಗಳನ್ನಷ್ಟೇ ನೋಡಿದ ಮೆಕ್ಯಾನಿಕ್, ಈ ಕಂಪನಿಯ ಸ್ಕೂಟರುಗಳೆಲ್ಲ ಕೆಟ್ಟವು ಎಂದಂತೆ. ಅಂಕಿಶಾಸ್ತ್ರ ಈ ತಪ್ಪನ್ನು ಮೊದಲೇ ಗುರುತಿಸಿತ್ತು. ಮೇಯೋ ಕ್ಲಿನಿಕ್‌ನ ಜೋಸೆಫ್ ಬರ್ಕ್‌ಸನ್ 1946ರಲ್ಲೇ ಪಿತ್ತಕೋಶದ ಉರಿಯೂತ ಮತ್ತು ಸಕ್ಕರೆ ಕಾಯಿಲೆಯ ಉದಾಹರಣೆ ಕೊಟ್ಟು, ಆಸ್ಪತ್ರೆಯ ರೋಗಿಗಳನ್ನಷ್ಟೇ ಎಣಿಸಿದರೆ ಸಂಬಂಧವೇ ಇಲ್ಲದ ಎರಡು ಸಂಗತಿಗಳು ಸಂಬಂಧ ಇದ್ದಂತೆ ಕಾಣುತ್ತವೆ ಎಂದು ಲೆಕ್ಕ ಹಾಕಿ ತೋರಿಸಿದ್ದರು. ಎರಡು ತೊಂದರೆ ಇರುವವನು ಆಸ್ಪತ್ರೆ ತಲುಪುವ ಸಂಭವ ಒಂದೇ ತೊಂದರೆಯವನಿಗಿಂತ ಹೆಚ್ಚು, ಅಷ್ಟೇ. ಬರ್ಕ್‌ಸನ್‌ರ ಲೇಖನ ಪಿತ್ತಕೋಶದ ಪಕ್ಕದಿಂದ ಮನಸ್ಸಿನ ವಿಭಾಗಕ್ಕೆ ಹೋಗಲು ಬಹಳ ಕಾಲ ಹಿಡಿಯಿತು.

ಹೂಕರ್ ಪ್ರಬಂಧ ಸುಮ್ಮನೆ ಗ್ರಂಥಾಲಯದಲ್ಲಿದ್ದಿದ್ದರೆ ಏನೂ ಆಗುತ್ತಿರಲಿಲ್ಲ ಎಂಬುದು ನನ್ನ ಅಭಿಪ್ರಾಯ. ಡಿಎಸ್‌ಎಂನ ಎರಡನೇ ಆವೃತ್ತಿ 1968ರಲ್ಲಿ ಬಂದಾಗಲೂ ಸಲಿಂಗಕಾಮ ಅಲ್ಲೇ ಇತ್ತು. ಬಾಗಿಲು ಒಡೆದವರು ಹೊರಗಿನವರು. ಹಾರ್ವರ್ಡ್‌ನಲ್ಲಿ ಖಗೋಳವಿಜ್ಞಾನದ ಡಾಕ್ಟರೇಟ್ ಪಡೆದು, ಸೇನೆಯ ನಕ್ಷೆ ವಿಭಾಗದಲ್ಲಿದ್ದು, ಸಲಿಂಗಿ ಎಂಬ ಕಾರಣಕ್ಕೆ 1957ರಲ್ಲಿ ಕೆಲಸ ಕಳೆದುಕೊಂಡ ಫ್ರ್ಯಾಂಕ್ ಕ್ಯಾಮನಿ ಅವರಲ್ಲಿ ಮುಖ್ಯರು. ಕಾಯಿಲೆ ಎಂದವರು ಪುರಾವೆ ಕೊಡಲಿ, ಕಾಯಿಲೆ ಅಲ್ಲ ಎಂದು ನಾವೇಕೆ ಸಾಬೀತು ಮಾಡಬೇಕು ಎಂಬುದು ಅವರ ಪ್ರಶ್ನೆ. ಮನೋವೈದ್ಯರ ವಾರ್ಷಿಕ ಸಮ್ಮೇಳನಗಳಿಗೆ 1970ರಿಂದ ಪ್ರತಿಭಟನಕಾರರು ನುಗ್ಗತೊಡಗಿದರು, 1971ರಲ್ಲಿ ಕ್ಯಾಮನಿ ವೇದಿಕೆಯ ಮೈಕನ್ನೇ ಕಿತ್ತುಕೊಂಡರು. ಮರುವರ್ಷ, ಗಲಾಟೆಗಿಂತ ಮಾತು ಮೇಲು ಎಂದು ಸಂಘಟಕರು ಡಲ್ಲಾಸ್‌ನಲ್ಲಿ ಅವರಿಗೊಂದು ಗೋಷ್ಠಿಯನ್ನೇ ಕೊಟ್ಟರು.

ಆ ಗೋಷ್ಠಿಗೆ ಒಬ್ಬ ಸಲಿಂಗಿ ಮನೋವೈದ್ಯ ಬೇಕೆಂದು ಬಾರ್ಬರಾ ಗಿಟಿಂಗ್ಸ್ ಎಂಬ ಹೋರಾಟಗಾರ್ತಿ ಹಲವರನ್ನು ಕೇಳಿದರು. ಎಲ್ಲರೂ ಕೈಮುಗಿದರು. ಫಿಲಡೆಲ್ಫಿಯಾದ ಜಾನ್ ಫ್ರೈಯರ್ ಮಾತ್ರ ಒಪ್ಪಿದರು, ಮುಖ ಕಾಣಬಾರದು ಎಂಬ ಷರತ್ತಿನ ಮೇಲೆ. ಈ ಹಿಂದೆ ಇದೇ ಕಾರಣಕ್ಕೆ ಕೆಲಸ ಹೋಗಿತ್ತು, ಈಗಿನ ಕೆಲಸ ಇನ್ನೂ ಕಾಯಂ ಆಗಿರಲಿಲ್ಲ. ಆರಡಿ ಮೀರಿದ ದಪ್ಪನೆಯ ಆಳು, ಮೈಗೆ ದೊಗಲೆಯಾದ ಟಕ್ಸೀಡೊ ಕೋಟು, ತಲೆಗೆ ವಿಗ್ಗು, ಮುಖಕ್ಕೆ ರಬ್ಬರ್ ಮುಖವಾಡ, ದನಿ ಬದಲಿಸುವ ಮೈಕು. ಕಾರ್ಯಕ್ರಮ ಪಟ್ಟಿಯಲ್ಲಿ ಹೆಸರು 'ಡಾ. ಎಚ್. ಅನಾನಿಮಸ್'. ನಾನು ಸಲಿಂಗಿ, ನಾನು ಮನೋವೈದ್ಯ, ನನ್ನಂಥವರು ಈ ಸಭಾಂಗಣದಲ್ಲೇ ಇನ್ನೂ ಬಹಳ ಮಂದಿ ಇದ್ದೀರಿ ಎಂಬರ್ಥದ ಮಾತಾಡಿ ಇಳಿದರು. ಬೀಬರ್ ಪುಸ್ತಕದ ಎಣಿಕೆಯಲ್ಲಿ ಎಲ್ಲೂ ಸಿಗದಿದ್ದವರು ವೈದ್ಯರ ಕುರ್ಚಿಗಳಲ್ಲೇ ಕೂತಿದ್ದರು. ಆ ಮುಖವಾಡದೊಳಗೆ ಇದ್ದವರು ತಾವೇ ಎಂದು ಫ್ರೈಯರ್ ಬಹಿರಂಗವಾಗಿ ಹೇಳಿದ್ದು 1994ರಲ್ಲಿ.

ಇನ್ನೊಬ್ಬ ಮುಖ್ಯ ವ್ಯಕ್ತಿ ರಾಬರ್ಟ್ ಸ್ಪಿಟ್ಜರ್. ಕೈಪಿಡಿಯ ಹೆಸರು-ವರ್ಗಗಳ ಸಮಿತಿಯಲ್ಲಿದ್ದ ಕಿರಿಯ ಮನೋವೈದ್ಯ, ಪಟ್ಟಿ ಎಂದರೆ ಪ್ರಾಣ. ಸಲಿಂಗಕಾಮ ಕಾಯಿಲೆ ಎಂದೇ ನಂಬಿದ್ದವರು. ಪ್ರತಿಭಟನೆಯೊಂದರಲ್ಲಿ ಪರಿಚಯವಾದ ರಾನ್ ಗೋಲ್ಡ್ ಎಂಬ ಹೋರಾಟಗಾರ 1973ರ ಮೇನಲ್ಲಿ ಹೊನಲುಲುವಿನ ಸಮ್ಮೇಳನದ ವೇಳೆ ಅವರನ್ನು ಒಂದು ಬಾರಿಗೆ ಕರೆದೊಯ್ದರು. ಗುಟ್ಟಾಗಿ ಸೇರುತ್ತಿದ್ದ ಸಲಿಂಗಿ ಮನೋವೈದ್ಯರ ಕೂಟವದು. ದೊಡ್ಡ ದೊಡ್ಡ ವಿಭಾಗಗಳ ಮುಖ್ಯಸ್ಥರು ಅಲ್ಲಿದ್ದರು. ಸೇನೆಯ ಸಮವಸ್ತ್ರದಲ್ಲಿ ಬಂದ ಒಬ್ಬ ಯುವ ಮನೋವೈದ್ಯ ಗೋಲ್ಡ್‌ರನ್ನು ತಬ್ಬಿಕೊಂಡು ಗಳಗಳನೆ ಅತ್ತುಬಿಟ್ಟ. ಸ್ಪಿಟ್ಜರ್ ಹೋಟೆಲಿಗೆ ಮರಳಿ ಅದೇ ರಾತ್ರಿ ಕೈಪಿಡಿ ಬದಲಿಸುವ ಠರಾವು ಬರೆಯಲು ಕೂತರು ಎಂದು ಆಮೇಲೆ ಈ ಕಥೆ ಹೇಳಿದವರು ಹೇಳುತ್ತಾರೆ.

ಬರೆಯಲು ಕೂತಾಗ ಸ್ಪಿಟ್ಜರ್‌ಗೆ ಒಂದು ತೊಡಕು ಎದುರಾಯಿತು. ಕಾಯಿಲೆಗಳ ಕೈಪಿಡಿಯೇನೋ ಇತ್ತು, ಆದರೆ ಕಾಯಿಲೆ ಎಂದರೇನು ಎಂಬ ಲಕ್ಷಣ ಅದರಲ್ಲಿ ಎಲ್ಲೂ ಇರಲಿಲ್ಲ! ಅವರೇ ಒಂದನ್ನು ಮುಂದಿಟ್ಟರು. ಒಂದು ಸ್ಥಿತಿ ಮಾನಸಿಕ ಕಾಯಿಲೆ ಎನಿಸಬೇಕಾದರೆ ಅದು ಆ ವ್ಯಕ್ತಿಗೆ ಸದಾ ಸಂಕಟ ಕೊಡುತ್ತಿರಬೇಕು, ಇಲ್ಲವೇ ನಾಲ್ಕು ಜನರ ನಡುವೆ ಬಾಳುವ ಅವನ ಶಕ್ತಿಯನ್ನೇ ಕುಂದಿಸಿರಬೇಕು. ಹೂಕರ್ ಅಧ್ಯಯನದ ಗಂಡಸರಿಗೆ ಎರಡೂ ಅನ್ವಯಿಸುವುದಿಲ್ಲ. 1973ರ ಡಿಸೆಂಬರ್ 15ರಂದು ಸಂಘದ ಆಡಳಿತ ಮಂಡಳಿ ಠರಾವಿಗೆ ಒಪ್ಪಿಗೆ ಕೊಟ್ಟಿತು. ಚಾರ್ಲ್ಸ್ ಸೋಕರೈಡಿಸ್ ಮುಂತಾದ ಮನೋವಿಶ್ಲೇಷಕರು ಸಹಿ ಸಂಗ್ರಹಿಸಿ, ಎಲ್ಲ ಸದಸ್ಯರ ಮತ ಕೇಳಲೇಬೇಕು ಎಂದು ಹಟ ಹಿಡಿದರು. 1974ರ ಏಪ್ರಿಲ್‌ನಲ್ಲಿ ಅಂಚೆ ಮತದಾನ ನಡೆದು, ಠರಾವಿನ ಪರ 5,854, ವಿರುದ್ಧ 3,810 ಮತ ಬಿದ್ದವು.

ಕಾಯಿಲೆಯನ್ನು ಮತ ಹಾಕಿ ತೀರ್ಮಾನಿಸುವುದೇ ಎಂದು ಅಂದಿನಿಂದ ಇಂದಿನವರೆಗೂ ಮೂಗು ಮುರಿಯುವವರಿದ್ದಾರೆ. ಆದರೆ 2006ರಲ್ಲಿ ಪ್ರಾಗ್ ನಗರದಲ್ಲಿ ಖಗೋಳವಿಜ್ಞಾನಿಗಳು ಕೈಯೆತ್ತಿ ಮತ ಹಾಕಿಯೇ ಪ್ಲೂಟೊವನ್ನು ಗ್ರಹಗಳ ಪಟ್ಟಿಯಿಂದ ಇಳಿಸಿದರು. ಪ್ಲೂಟೊದ ತೂಕಕ್ಕೆ, ಕಕ್ಷೆಗೆ ಯಾರೂ ಮತ ಹಾಕಲಿಲ್ಲ. ಯಾವುದನ್ನು ಗ್ರಹ ಎನ್ನಬೇಕು ಎಂಬುದಕ್ಕೆ ಹಾಕಿದರು. ಇಲ್ಲೂ ಹಾಗೆಯೇ. ಒಮ್ಮೆ ಒಳಗೆ ಸೇರಿಸಿದ್ದವರೇ ಮತ ಹಾಕಿ ಹೊರಗೆ ಕಳಿಸಿದ್ದನ್ನು ತಪ್ಪು ಎನ್ನುವುದು ಹೇಗೆ?

ಸ್ಪಿಟ್ಜರ್ ಕೊಟ್ಟ ಲಕ್ಷಣದಲ್ಲಿ ಒಂದು ಕಿಂಡಿ ಉಳಿದಿತ್ತು: ಸಂಕಟ. ತಾನು ಸಲಿಂಗಿ ಎಂದು ಯಾರಾದರೂ ಸಂಕಟಪಟ್ಟರೆ? ಅಂಥವರಿಗಾಗಿ ಬೇರೆ ಹೆಸರಿನ ಕಾಯಿಲೆಯೊಂದು ಕೈಪಿಡಿಯಲ್ಲಿ ಉಳಿಯಿತು, 1980ರಲ್ಲಿ ಇನ್ನೊಂದು ಹೆಸರು ಪಡೆಯಿತು, 1987ರಲ್ಲಿ ಆ ಹೆಸರೂ ಹೋಯಿತು. ಮನೆಯವರು ಹೊರಹಾಕಿದ, ಕೆಲಸ ಕಿತ್ತುಕೊಂಡ, ಪೊಲೀಸರು ಬೆನ್ನುಹತ್ತಿದ ಮನುಷ್ಯನ ಸಂಕಟ ಅವನೊಳಗಿನ ಕಾಯಿಲೆಯೋ, ಹೊರಗಿನವರ ಕೊಡುಗೆಯೋ ಎಂದು ವಿಂಗಡಿಸಲು ಆ ಸಾಲುಗಳಲ್ಲಿ ಯಾವ ದಾರಿಯೂ ಇರಲಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ಪಟ್ಟಿಯಿಂದ ಸಲಿಂಗಕಾಮ ಹೊರಬಿದ್ದದ್ದು 1990ರಲ್ಲಿ.

ವಿಚಿತ್ರವೆಂದರೆ, ಸ್ಪಿಟ್ಜರ್ ಇಳಿವಯಸ್ಸಿನಲ್ಲಿ ಬೀಬರ್ ಮಾಡಿದ ತಪ್ಪನ್ನೇ ಮಾಡಿದರು. ಚಿಕಿತ್ಸೆಯಿಂದ ಸಲಿಂಗಿಗಳು ಬದಲಾಗುತ್ತಾರೆಯೇ ಎಂದು ತಿಳಿಯಲು 200 ಮಂದಿಯೊಡನೆ ಫೋನಿನಲ್ಲಿ ಮಾತಾಡಿ, ಕೆಲವರು ಬದಲಾಗುತ್ತಾರೆ ಎಂದು 2003ರಲ್ಲಿ ಪ್ರಕಟಿಸಿದರು. ಆ 200 ಮಂದಿಯಲ್ಲಿ ಬಹಳಷ್ಟನ್ನು ಹುಡುಕಿಕೊಟ್ಟವರು ಅಂಥ 'ಪರಿವರ್ತನೆ' ನಡೆಸುವ ಧಾರ್ಮಿಕ ಸಂಘಟನೆಗಳು, ಚಿಕಿತ್ಸಕರು. ಬದಲಾಗಿದ್ದೇವೆ ಎಂದು ಹೇಳಿಕೊಂಡವರೇ ಆಯ್ಕೆಯಾಗಿ ಬಂದಿದ್ದರು, ಬದಲಾಗದೆ ನೊಂದು ಹೋದವರು ಲೆಕ್ಕದಲ್ಲೇ ಇರಲಿಲ್ಲ. 2012ರಲ್ಲಿ, 80ರ ಹೊಸ್ತಿಲಲ್ಲಿ, ಸ್ಪಿಟ್ಜರ್ ಸಲಿಂಗಿಗಳ ಕ್ಷಮೆ ಕೇಳಿದರು.

ಭಾರತದಲ್ಲಿ ಈ ಕಥೆಗೆ ಮನೋವೈದ್ಯನಿಗಿಂತ ಮೊದಲು ಪೊಲೀಸ್ ಬಂದ. 1862ರಿಂದ ಜಾರಿಯಾದ ಭಾರತೀಯ ದಂಡಸಂಹಿತೆಯ 377ನೇ ಕಲಂ ಬ್ರಿಟಿಷರ ಕೊಡುಗೆ. 1871ರ ಅಪರಾಧಿ ಬುಡಕಟ್ಟುಗಳ ಕಾಯ್ದೆ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಅದರ ಎರಡನೇ ಭಾಗದಲ್ಲಿ ಹಿಜಡಾಗಳ ಪಟ್ಟಿ ಇಡಬೇಕೆಂದಿತು. ಮಕ್ಕಳನ್ನು ಅಪಹರಿಸುವವರು ಎಂದು ಅನುಮಾನ ಬಂದರೆ ಸಾಕು, ಹೆಸರು, ವಿಳಾಸ ಎಲ್ಲ ಠಾಣೆಯ ಪುಸ್ತಕದಲ್ಲಿ. ಆ ಕಾಯ್ದೆ ಸ್ವಾತಂತ್ರ್ಯದ ಬಳಿಕ ಹೋಯಿತು. ಹೋಯಿತು ಎಂದುಕೊಂಡಿದ್ದಾಗ 2011ರಲ್ಲಿ ನಮ್ಮದೇ ಕರ್ನಾಟಕ ಪೊಲೀಸ್ ಕಾಯ್ದೆಗೆ 36-ಎ ಎಂಬ ಕಲಂ ಸೇರಿತು, ಹೆಚ್ಚು ಕಡಿಮೆ ಅದೇ ಪಟ್ಟಿ, ಅದೇ ಅನುಮಾನ, 140 ವರ್ಷ ಹಳೆಯ ಅದೇ ವಾಕ್ಯಗಳು. ಲಿಂಗತ್ವ ಅಲ್ಪಸಂಖ್ಯಾತರ ಸಂಘಟನೆ ಹೈಕೋರ್ಟ್ ಮೆಟ್ಟಿಲು ಹತ್ತಿದ ಮೇಲೆ ಸರ್ಕಾರ ಆ ಸಮುದಾಯದ ಹೆಸರನ್ನು ಕಲಮಿನಿಂದ ತೆಗೆಯಿತು.

ಕಾನೂನಿಗೂ ಔಷಧಿಗೂ ಮೊದಲು ಉತ್ತರ ಕರ್ನಾಟಕಕ್ಕೆ ತನ್ನದೇ ಒಂದು ವಿಂಗಡಣೆ ಇತ್ತು. ಗಂಡು ಹುಡುಗ ಹೆಣ್ಣಿನ ನಡೆ ತೋರಿದರೆ ಎಲ್ಲಮ್ಮ ಒಲಿದಿದ್ದಾಳೆ ಎನ್ನುತ್ತಾರೆ. ಸವದತ್ತಿಗೋ ಹುಲಿಗಿಗೋ ಕರೆದೊಯ್ದು, ಉಡಿದಾರ ಹರಿದು, ಸೀರೆ ಉಡಿಸಿ, ಬಳೆ ತೊಡಿಸಿ ಮುತ್ತು ಕಟ್ಟುತ್ತಾರೆ. ಅಲ್ಲಿಂದ ಮುಂದೆ ಅವರು ಜೋಗಪ್ಪ, ಕೈಯಲ್ಲಿ ಚೌಡಿಕೆ, ತಲೆಯ ಮೇಲೆ ಕೊಡ. ಕಾಯಿಲೆಯೂ ಅಲ್ಲ, ಅಪರಾಧವೂ ಅಲ್ಲ, ಅಮ್ಮನ ಇಚ್ಛೆ. ಇದನ್ನು ಹಾಡಿ ಹೊಗಳುವವರಿದ್ದಾರೆ. ನನಗೆ ಅಷ್ಟು ಧೈರ್ಯವಿಲ್ಲ. ಸಮಾಜ ಜಾಗವೇನೋ ಕೊಟ್ಟಿತು, ಆದರೆ ಆ ಜಾಗ ಮನೆಯ ಹೊರಗಿತ್ತು, ಅನ್ನ ಜೋಗದಿಂದಲೇ ಹುಟ್ಟಬೇಕಿತ್ತು. ಹುಲಿಗಿಯಲ್ಲಿ ಮುತ್ತು ಕಟ್ಟಿಸಿಕೊಂಡ ಬಳ್ಳಾರಿ ಸೀಮೆಯ ಮಂಜಮ್ಮ ಜೋಗತಿ ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷರಾದರು, 2021ರಲ್ಲಿ ಪದ್ಮಶ್ರೀ ಪಡೆದರು. ಆ ದಾರಿಯ ನಡುವೆ ಹಸಿವು, ಹಲ್ಲೆ, ಆತ್ಮಹತ್ಯೆಯ ಯತ್ನ ಎಲ್ಲವೂ ಇದ್ದವೆಂದು ಅವರೇ ಹೇಳಿಕೊಂಡಿದ್ದಾರೆ.

ಬೆಂಗಳೂರಿನಲ್ಲಿ ಹುಟ್ಟಿದ, ಮಾನವ ಕಂಪ್ಯೂಟರ್ ಎಂದು ಜಗತ್ತೇ ಕರೆದ ಶಕುಂತಲಾ ದೇವಿ 1977ರಲ್ಲಿ ಸಲಿಂಗಿಗಳ ಬದುಕಿನ ಬಗ್ಗೆ ಒಂದಿಡೀ ಇಂಗ್ಲಿಷ್ ಪುಸ್ತಕ ಬರೆದಿದ್ದರೆಂಬುದು ಅವರ ಗಣಿತ ಪ್ರದರ್ಶನ ನೋಡಿದ ಎಷ್ಟೋ ಮಂದಿಗೆ ತಿಳಿದಿಲ್ಲ. ವೈದ್ಯರನ್ನು ಕೇಳಿ ಸುಮ್ಮನಾಗದೆ ಸಲಿಂಗಿ ಗಂಡಸರನ್ನೇ ಕೂರಿಸಿ ಮಾತಾಡಿಸಿದರು. ಸಹಿಸಿಕೊಂಡರೆ ಸಾಲದು, ಪೂರ್ತಿ ಒಪ್ಪಿಕೊಳ್ಳಬೇಕು ಎಂದರು. ಪುಸ್ತಕವನ್ನು ಯಾರೂ ಗಮನಿಸಲಿಲ್ಲ. ಭಾರತೀಯ ಮನೋವೈದ್ಯರ ಸಂಘ ಇದು ಕಾಯಿಲೆಯಲ್ಲ ಎಂದು ಬಹಿರಂಗವಾಗಿ ಘೋಷಿಸಿದ್ದು 2018ರಲ್ಲಿ, ಬೆಂಗಳೂರಿನ ಡಾ. ಅಜಿತ್ ಭಿಡೆ ಅಧ್ಯಕ್ಷರಾಗಿದ್ದಾಗ. ಅದೇ ವರ್ಷ ಸೆಪ್ಟೆಂಬರ್ 6ರಂದು ಸುಪ್ರೀಂ ಕೋರ್ಟ್ 377ನೇ ಕಲಮಿನ ಹಲ್ಲು ಕಿತ್ತಿತು. 2021ರಲ್ಲಿ ಮದರಾಸು ಹೈಕೋರ್ಟಿಗೆ ಇಬ್ಬರು ಹುಡುಗಿಯರ ಪ್ರಕರಣ ಬಂದಾಗ ನ್ಯಾಯಮೂರ್ತಿ ಆನಂದ್ ವೆಂಕಟೇಶ್, ಈ ವಿಷಯದಲ್ಲಿ ತಮಗೇ ತಿಳಿವಳಿಕೆ ಸಾಲದು ಎಂದು ಮನಶ್ಶಾಸ್ತ್ರಜ್ಞರೊಬ್ಬರ ಎದುರು ತಾವೇ ಹೋಗಿ ಕೂತರು. ಸಾಮಾನ್ಯವಾಗಿ ಆಪ್ತಸಲಹೆಗೆ ಕಳಿಸುವುದು ಕಟಕಟೆಯಲ್ಲಿ ನಿಂತವರನ್ನು. ಆಮೇಲೆ ಬಂದ ತೀರ್ಪಿನಲ್ಲಿ 'ಪರಿವರ್ತನೆ ಚಿಕಿತ್ಸೆ' ನಿಷಿದ್ಧವಾಯಿತು. 2022ರಲ್ಲಿ ರಾಷ್ಟ್ರೀಯ ವೈದ್ಯಕೀಯ ಆಯೋಗ ಅದನ್ನು ವೃತ್ತಿ ದುರ್ನಡತೆ ಎಂದಿತು.

ಇವೆಲ್ಲಕ್ಕಿಂತ ದೂರಗಾಮಿ ಎಂದು ನನಗನ್ನಿಸುವ ಸಾಲು ಇರುವುದು 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆಯ 3ನೇ ಕಲಮಿನಲ್ಲಿ. ಸುತ್ತಲಿನ ಜನರ ನೈತಿಕ, ಸಾಮಾಜಿಕ, ಸಾಂಸ್ಕೃತಿಕ, ರಾಜಕೀಯ ಮೌಲ್ಯಗಳಿಗೆ ಅಥವಾ ಧಾರ್ಮಿಕ ನಂಬಿಕೆಗಳಿಗೆ ಒಬ್ಬ ವ್ಯಕ್ತಿ ಹೊಂದುವುದಿಲ್ಲ ಎಂಬ ಆಧಾರದ ಮೇಲೆ ಅವನಿಗೆ ಮಾನಸಿಕ ಕಾಯಿಲೆ ಇದೆ ಎಂದು ತೀರ್ಮಾನಿಸುವಂತಿಲ್ಲ. ಬೇರೆ ಜಾತಿಯವನನ್ನು ಪ್ರೀತಿಸಿದ ಮಗಳಿಂದ ಹಿಡಿದು ಸರ್ಕಾರವನ್ನು ಬೈಯುವವನವರೆಗೆ ಯಾರನ್ನು ಬೇಕಾದರೂ 'ಇವರನ್ನ ನಿಮ್ಹಾನ್ಸ್‌ಗೆ ಸೇರಿಸ್ಬೇಕು' ಎಂದುಬಿಡುವ ನಮ್ಮ ಊರಿನಲ್ಲಿ ಈ ಸಾಲನ್ನು ಬಸ್ ನಿಲ್ದಾಣಗಳಲ್ಲಿ ಬರೆಸಬಹುದು.

ಎಣಿಕೆಯ ಪ್ರಶ್ನೆ ಮಾತ್ರ ಮುಗಿದಿಲ್ಲ, ಈಗ ಅದು ಮಕ್ಕಳ ಕೈಯಲ್ಲಿರುವ ಫೋನಿಗೆ ಬಂದು ನಿಂತಿದೆ. ವಿಶ್ವ ಆರೋಗ್ಯ ಸಂಸ್ಥೆ 2019ರಲ್ಲಿ ಒಪ್ಪಿದ ಐಸಿಡಿ-11 ಎಂಬ ಪಟ್ಟಿಯಲ್ಲಿ 'ಗೇಮಿಂಗ್ ಡಿಸಾರ್ಡರ್' ಹೊಸ ಕಾಯಿಲೆಯಾಗಿ ಸೇರಿದೆ. ಬೆಂಗಳೂರಿನ ನಿಮ್ಹಾನ್ಸ್ ಅದಕ್ಕೂ ಮೊದಲೇ, 2014ರಲ್ಲಿ, ಮೊಬೈಲು-ಇಂಟರ್ನೆಟ್ಟಿನ ಗೀಳಿಗೆಂದೇ 'ಶಟ್' ಎಂಬ ಕ್ಲಿನಿಕ್ ತೆರೆದಿತ್ತು. ಆಟದ ಗೀಳಿಗೆ ಬಿದ್ದು ಊಟ, ನಿದ್ದೆ, ಕಾಲೇಜು ಎಲ್ಲ ಬಿಟ್ಟ ಹುಡುಗರು ನಿಜವಾಗಿಯೂ ಇದ್ದಾರೆ, ಅವರಿಗೆ ನೆರವು ಬೇಕೇ ಬೇಕು. ಹೊಸ ಹೆಸರಿನ ಬಗ್ಗೆ ಕೆಲವು ಸಂಶೋಧಕರು ತಕರಾರು ಎತ್ತಿದ್ದಕ್ಕೂ ಅರ್ಥವಿದೆ. ಅಂಥ ಕ್ಲಿನಿಕ್ಕುಗಳಿಗೆ ಹುಡುಗ ತಾನಾಗಿ ಬರುವುದು ಕಡಿಮೆ, ಅಪ್ಪ ಅಮ್ಮ ಕೈಹಿಡಿದು ಕರೆತರುತ್ತಾರೆ. ಅಷ್ಟೇ ಆಟವಾಡಿ, ಪರೀಕ್ಷೆಯೂ ಪಾಸಾಗಿ, ಗೆಳೆಯರ ಜೊತೆ ನಗುತ್ತಿರುವ ಪಕ್ಕದ ಮನೆ ಹುಡುಗ ಯಾವ ಕಡತದಲ್ಲೂ ಇಲ್ಲ. ಐಸಿಡಿ-11 ಕೇಳುವುದು ಮೂರು ಸಂಗತಿ: ಆಟದ ಮೇಲೆ ಹಿಡಿತ ತಪ್ಪಿದೆಯೇ, ಬೇರೆಲ್ಲಕ್ಕಿಂತ ಆಟವೇ ಮೇಲಾಗಿದೆಯೇ, ಹಾನಿ ಕಂಡರೂ ಮುಂದುವರಿದಿದೆಯೇ, ಅದೂ ಸಾಮಾನ್ಯವಾಗಿ ಹನ್ನೆರಡು ತಿಂಗಳ ಕಾಲ, ಬದುಕಿಗೆ ಗಣನೀಯ ಪೆಟ್ಟು ಬಿದ್ದಿರುವಂತೆ. ದಿನಕ್ಕೆ ಇಷ್ಟು ಗಂಟೆ ಎಂಬ ಮಿತಿ ಅದರಲ್ಲಿ ಇಲ್ಲ. ಮನೆಯವರು ಮೊದಲು ಹೇಳುವುದು ಮಾತ್ರ ಗಂಟೆಗಳ ಲೆಕ್ಕವನ್ನೇ.